ಹೆಸರು ಬದಲಾಗುತ್ತದೆ, ಹಡಗು ಅದೇ

2022ರ ಜೂನ್‌ನಲ್ಲಿ ಉಳ್ಳಾಲದ ಆಚೆ ಕಡಲಿನಲ್ಲಿ ಒಂದು ಹಡಗು ಸಿಕ್ಕಿಹಾಕಿಕೊಂಡಿತ್ತು. ನಿಮ್ಮಲ್ಲಿ ತುಂಬಾ ಜನ ಹೋಗಿ ನೋಡಿ ಬಂದಿರಬೇಕು. ಹೆಸರು ಪ್ರಿನ್ಸೆಸ್ ಮಿರಾಲ್. ಒಳಗೆ ನೀರು ನುಗ್ಗಿತ್ತು. ಕೋಸ್ಟ್ ಗಾರ್ಡ್‌ನವರು 15 ಜನರನ್ನು ಇಳಿಸಿಕೊಂಡು ಬಂದರು. ಎಲ್ಲರೂ ಸಿರಿಯಾದವರು. ಹಡಗಿನಲ್ಲಿ ಸುಮಾರು 8,000 ಟನ್ ಉಕ್ಕಿನ ಸುರುಳಿ ಇತ್ತು. ತುಂಬಿಸಿದ್ದು ಚೀನಾದ ಟಿಯಾಂಜಿನ್‌ನಲ್ಲಿ, ಹೋಗಬೇಕಿದ್ದದ್ದು ಲೆಬನಾನ್‌ಗೆ.

ಆವಾಗ ಊರಲ್ಲಿ ಎಲ್ಲರ ಮಾತು ಎಣ್ಣೆ ಸೋರಿದರೆ ಮೀನುಗಾರಿಕೆಯ ಗತಿ ಏನು ಅಂತ. ಆ ಚಿಂತೆ ಸರಿಯೇ. ನನ್ನ ತಲೆಯಲ್ಲಿ ಇದ್ದದ್ದು ಇನ್ನೊಂದು. ಚೀನಾದ ಸರಕು, ಲೆಬನಾನ್‌ನ ಬಂದರು, ಸಿರಿಯಾದ ಹುಡುಗರು, ಕೂತದ್ದು ನಮ್ಮ ಕಡಲಿನಲ್ಲಿ. ಈಗ ಈ ಕಬ್ಬಿಣದ ರಾಶಿಯನ್ನು ತೆಗೆಯಿರಿ ಅಂತ ಹೇಳಬೇಕಾದರೆ ಯಾರ ಮನೆ ಬಾಗಿಲು ತಟ್ಟುವುದು? ಇವತ್ತು ನಾನು ಹೇಳುವುದೆಲ್ಲ ಈ ಒಂದು ಪ್ರಶ್ನೆಯ ಸುತ್ತಲೇ ಇರುತ್ತದೆ.

ಮೊದಲು ಇಂಥ ಹಡಗು ಹೊಟ್ಟೆ ಹೊರೆಯುವುದು ಹೇಗೆ ಅಂತ ನೋಡೋಣ. ಕಂಟೇನರ್ ಹಡಗುಗಳದ್ದು ಬಸ್ಸಿನ ಹಾಗೆ. ರೂಟ್ ಇದೆ, ಟೈಮ್ ಇದೆ, ತುಂಬಿದರೂ ತುಂಬದಿದ್ದರೂ ಹೊರಡಲೇಬೇಕು. ಇಂಥ ಹಡಗಿಗೆ ಟ್ರಾಂಪ್ ಅನ್ನುತ್ತಾರೆ, ಇದು ಲಾರಿ. ಬಾಡಿಗೆ ಎಲ್ಲಿ ಸಿಕ್ಕಿತೋ ಅಲ್ಲಿಗೆ. ಇವತ್ತು ಅಕ್ಕಿ, ನಾಳೆ ಸಿಮೆಂಟು, ಆಚೆ ತಿಂಗಳು ಗೊಬ್ಬರ. ಬಾಡಿಗೆ ಕುದುರಿಸುವುದು ಬ್ರೋಕರ್‌ಗಳು. ಲಂಡನ್ನಿನ ಬಾಲ್ಟಿಕ್ ಎಕ್ಸ್‌ಚೇಂಜ್ 1744ರಲ್ಲಿ ಒಂದು ಕಾಫಿ ಅಂಗಡಿಯಾಗಿ ಶುರುವಾದದ್ದು. ಕ್ಯಾಪ್ಟನ್‌ಗಳೂ ವ್ಯಾಪಾರಿಗಳೂ ಅಲ್ಲಿ ಕೂತು ಮಾತಾಡುತ್ತಿದ್ದರು, ಬಾಯಿಮಾತೇ ಕರಾರು. ಈಗ ಎಲ್ಲ ಇಮೇಲ್ ಮತ್ತು ವಾಟ್ಸಾಪ್. ಬ್ರೋಕರ್ ಮುಂಬೈಯಲ್ಲಿ ಇರಬಹುದು, ಇಸ್ತಾಂಬುಲ್‌ನಲ್ಲಿ ಇರಬಹುದು. ಅವನು ಹಡಗಿನ ಮುಖ ನೋಡಿರುವುದಿಲ್ಲ.

ಈ ವ್ಯಾಪಾರದ ಏರಿಳಿತ ಕೇಳಿದರೆ ತಲೆ ತಿರುಗುತ್ತದೆ. ಒಣ ಸರಕಿನ ಬಾಡಿಗೆಗೆ ಬಾಲ್ಟಿಕ್ ಡ್ರೈ ಇಂಡೆಕ್ಸ್ ಅಂತ ಒಂದು ಸೂಚ್ಯಂಕ ಇದೆ. 2008ರ ಮೇ ತಿಂಗಳಲ್ಲಿ ಅದು 11,793 ಮುಟ್ಟಿತ್ತು. ಅದೇ ವರ್ಷ ಡಿಸೆಂಬರ್‌ನಲ್ಲಿ 663. ಏಳು ತಿಂಗಳಲ್ಲಿ! ಮೇ ತಿಂಗಳಲ್ಲಿ ಸಾಲ ಮಾಡಿ ಹಡಗು ಕೊಂಡವನ ಕಥೆ ಯೋಚಿಸಿ. ಬಾಡಿಗೆ ಏರಿದಾಗ ಗುಜರಿಗೆ ಹೋಗಬೇಕಾದ ಹಡಗಿಗೂ ಬಣ್ಣ ಬಳಿದು ಓಡಿಸುತ್ತಾರೆ. ಇಳಿದಾಗ ಮೊದಲು ಕತ್ತರಿ ಬೀಳುವುದು ರಿಪೇರಿಗೆ, ಆಮೇಲೆ ಊಟಕ್ಕೆ, ಆಮೇಲೆ ಸಂಬಳಕ್ಕೆ. ಈ ಕ್ರಮ ಹೆಚ್ಚು ಕಡಿಮೆ ಎಲ್ಲ ಕಡೆಯೂ ಒಂದೇ.

ಹಡಗಿಗೆ ವಯಸ್ಸಾಗುವುದು ಹೇಗೆ? ಪ್ರತಿ ಐದು ವರ್ಷಕ್ಕೆ ಒಂದು ದೊಡ್ಡ ಸರ್ವೆ ಇರುತ್ತದೆ. ನೀರಿನಿಂದ ಹೊರಗೆ, ಡ್ರೈಡಾಕ್‌ಗೆ ಹತ್ತಿಸಿ, ಉಕ್ಕಿನ ಹಲಗೆ ಎಷ್ಟು ಸವೆದಿದೆ ಅಂತ ಯಂತ್ರ ಹಿಡಿದು ಅಳೆಯುತ್ತಾರೆ. ಸವೆದ ಕಡೆ ಕತ್ತರಿಸಿ ಹೊಸ ಹಲಗೆ ಹಾಕಬೇಕು. ಹತ್ತನೇ ವರ್ಷಕ್ಕೆ ಇದು ದೊಡ್ಡ ಖರ್ಚಲ್ಲ. 15, 20, 25 ಅಂತ ಹೋದ ಹಾಗೆ ಬಿಲ್ ಜಾಸ್ತಿ. ಹಾಗಾಗಿ ಒಳ್ಳೆಯ ಮಾಲೀಕ ಏನು ಮಾಡುತ್ತಾನೆ? ಸರ್ವೆ ಹತ್ತಿರ ಬಂತು ಅನ್ನುವಾಗ ಮಾರಿಬಿಡುತ್ತಾನೆ. ಜಪಾನಿನಲ್ಲಿ ಹುಟ್ಟಿದ ಹಡಗು ಗ್ರೀಸಿನವರ ಕೈಗೆ, ಅಲ್ಲಿಂದ ತುರ್ಕಿಯವರ ಕೈಗೆ, ಅಲ್ಲಿಂದ ಇನ್ನೂ ಕೆಳಗೆ. ಒಂದೊಂದು ಮೆಟ್ಟಿಲು ಇಳಿದಾಗಲೂ ಹೆಸರು ಬೇರೆ, ಬಾವುಟ ಬೇರೆ.

ಬಂದರಿನಲ್ಲಿ ಇಂಥ ಹಡಗಿನ ಪಕ್ಕ ನಿಂತಾಗ ನಾನು ಮೊದಲು ನೋಡುವುದು ಮೂತಿಯ ಹತ್ತಿರ ಬರೆದ ಹೆಸರನ್ನು. ಹಡಗಿನ ಹೆಸರನ್ನು ಸುಮ್ನೆ ಬಣ್ಣದಲ್ಲಿ ಬರೆಯುವುದಿಲ್ಲ. ಅಕ್ಷರದ ಅಂಚಿಗೆ ವೆಲ್ಡಿಂಗ್ ಗೆರೆ ಎಳೆದು ಒಳಗೆ ಬಿಳಿ ತುಂಬಿಸುತ್ತಾರೆ. ಮಾರಿದ ಮೇಲೆ ಹೊಸ ಮಾಲೀಕ ಹಳೆ ಗೆರೆಯನ್ನು ಗ್ರೈಂಡ್ ಮಾಡಿಸಿ ತೆಗೆಯಬೇಕು. ಅದಕ್ಕೂ ದುಡ್ಡಲ್ವಾ? ಮೇಲೆ ಬಣ್ಣ ಹೊಡೆದು ಬಿಡುತ್ತಾನೆ. ಸಂಜೆ ಬಿಸಿಲು ಓರೆಯಾಗಿ ಬಿದ್ದಾಗ ಹಳೆಯ ಹೆಸರು ಬಣ್ಣದ ಅಡಿಯಿಂದ ಎದ್ದು ಕಾಣುತ್ತದೆ. ಕೆಲವು ಹಡಗಿನಲ್ಲಿ ಒಂದರ ಮೇಲೊಂದು ಮೂರು ಹೆಸರು. ಡೆಕ್ ಮೇಲೆ ಹೋದರೆ ಪೈಪಿನ ಸುತ್ತ ಮರದ ಪೆಟ್ಟಿಗೆ ಕಟ್ಟಿ ಸಿಮೆಂಟ್ ಸುರಿದಿರುತ್ತಾರೆ. ಸಿಮೆಂಟ್ ಬಾಕ್ಸ್ ಅನ್ನುತ್ತಾರೆ ಅದಕ್ಕೆ. ತೂತು ಬಿದ್ದಾಗ ಮುಂದಿನ ಬಂದರಿನ ತನಕ ಅಂತ ಮಾಡುವ ಉಪಾಯ. ಆ ಸಿಮೆಂಟಿಗೆ ನಾಲ್ಕು ಪದರ ಬಣ್ಣ ಬಿದ್ದಿದ್ದರೆ ಮುಂದಿನ ಬಂದರು ಬಂದು ಎಷ್ಟು ಕಾಲವಾಯಿತು ಅಂತ ನೀವೇ ಲೆಕ್ಕ ಹಾಕಿ.

ಹೆಸರು ಹೀಗೆ ಬದಲಾಗುವುದರಿಂದಲೇ ಐಎಂಒ ನಂಬರ್ ಬಂದದ್ದು. ಐಎಂಒ ಅಂದರೆ ವಿಶ್ವಸಂಸ್ಥೆಯ ಅಂತಾರಾಷ್ಟ್ರೀಯ ಕಡಲು ಸಂಸ್ಥೆ. ಏಳು ಅಂಕಿ. ಹುಟ್ಟಿನಿಂದ ಗುಜರಿಯ ತನಕ ಒಂದೇ. 1987ರಲ್ಲಿ ಶುರುವಾಗಿ 1996ರಿಂದ ಕಡ್ಡಾಯವಾಯಿತು. ಇದರಲ್ಲಿ ಒಂದು ಮೋಜಿನ ಲೆಕ್ಕ ಇದೆ, ಮೊಬೈಲ್ ತೆಗೆದು ಮಾಡಿ ನೋಡಬಹುದು. 8630344 ಅಂತ ಒಂದು ನಂಬರ್ ತೆಗೆದುಕೊಳ್ಳಿ. ಮೊದಲ ಆರು ಅಂಕಿಗಳನ್ನು ಕ್ರಮವಾಗಿ 7, 6, 5, 4, 3, 2ರಿಂದ ಗುಣಿಸಿ ಕೂಡಿಸಿ. 56, 36, 15, 0, 9, 8. ಒಟ್ಟು 124. ಕೊನೆಯ ಅಂಕಿ 4. ನಂಬರಿನ ಏಳನೇ ಅಂಕಿಯೂ 4. ತಾಳೆಯಾಗದಿದ್ದರೆ ನಂಬರ್ ಸುಳ್ಳು. ಈ ನಂಬರಿನ ಹಡಗು ಯಾವುದು ಅಂತ ಆಮೇಲೆ ಹೇಳುತ್ತೇನೆ.

ಹೆಸರು ಬದಲಿಸುವ ಮಾತು ಬಂದದ್ದಕ್ಕೆ ಕಳ್ಳರ ಕಥೆಯ ಒಂದು ಸಣ್ಣ ಅಡ್ಡದಾರಿ. 1999ರಲ್ಲಿ ಅಲೋಂಡ್ರಾ ರೇನ್‌ಬೋ ಅನ್ನುವ ಜಪಾನಿ ಮಾಲೀಕರ ಹಡಗು ಇಂಡೋನೇಷ್ಯಾದಿಂದ 7,000 ಟನ್ ಅಲ್ಯೂಮಿನಿಯಂ ಗಟ್ಟಿ ಹೊತ್ತು ಹೊರಟಿತು. ದಾರಿಯಲ್ಲಿ ಕಡಲ್ಗಳ್ಳರು ಹತ್ತಿದರು. ಸಿಬ್ಬಂದಿಯನ್ನು ತೆಪ್ಪಕ್ಕೆ ಇಳಿಸಿ ಸಮುದ್ರದಲ್ಲಿ ಬಿಟ್ಟರು. ಹಡಗಿಗೆ ಬೇರೆ ಬಣ್ಣ ಬಳಿದು ಮೆಗಾ ರಾಮಾ ಅಂತ ಹೆಸರಿಟ್ಟು, ಬೆಲೀಜ್‌ನ ಬಾವುಟ ಹಾರಿಸಿದರು. ನಮ್ಮ ಕೋಸ್ಟ್ ಗಾರ್ಡ್ ಮತ್ತು ನೌಕಾಪಡೆ ಅರಬ್ಬಿ ಸಮುದ್ರದಲ್ಲಿ ಬೆನ್ನಟ್ಟಿ ಹಿಡಿದವು. ಮುಂಬೈ ಕೋರ್ಟಿನಲ್ಲಿ ಶಿಕ್ಷೆಯಾಯಿತು, 2005ರಲ್ಲಿ ಹೈಕೋರ್ಟಿನಲ್ಲಿ ಬಿಡುಗಡೆಯೂ ಆಯಿತು. ಕಡಲ್ಗಳ್ಳತನಕ್ಕೆ ಅಂತಲೇ ಪ್ರತ್ಯೇಕ ಕಾನೂನು ನಮ್ಮ ಸಂಸತ್ತಿನಲ್ಲಿ ಪಾಸಾದದ್ದು 2022ರಲ್ಲಿ. ಈ ಕಳ್ಳರು ಮಾಡಿದ್ದನ್ನು ಗಮನಿಸಿ: ಹೆಸರು ಬದಲಿಸಿದರು, ಬಾವುಟ ಬದಲಿಸಿದರು. ಹಳೆ ಹಡಗಿನ ಮಾಲೀಕ ಆಫೀಸಿನಲ್ಲಿ ಕೂತು ಫೀಸು ಕಟ್ಟಿ ಮಾಡುವುದೂ ಇದೇ ಎರಡು ಕೆಲಸ, ಮಾರಾಯ್ರೆ.

ಬಾವುಟದ ವಿಷಯಕ್ಕೆ ಬರೋಣ. ಪ್ರತಿ ಹಡಗೂ ಯಾವುದಾದರೂ ಒಂದು ದೇಶದಲ್ಲಿ ನೋಂದಣಿಯಾಗಬೇಕು. ಆ ದೇಶದ ಕಾನೂನೇ ಹಡಗಿನ ಮೇಲೆ ನಡೆಯುವುದು. ಆದರೆ ಮಾಲೀಕ ಆ ದೇಶದವನಾಗಬೇಕು ಅಂತ ಇಲ್ಲ. ಲೈಬೀರಿಯಾದ ಹಡಗು ನೋಂದಣಿ ನಡೆಯುವುದು ಅಮೆರಿಕದ ವರ್ಜೀನಿಯಾದಿಂದ. ಮಂಗೋಲಿಯಾಕ್ಕೆ ಸಮುದ್ರವೇ ಇಲ್ಲ, ಆದರೂ ಹಡಗುಗಳಿವೆ. ಅದರ ನೋಂದಣಿ ಕಚೇರಿ ಸಿಂಗಾಪುರದಲ್ಲಿ. ಎಲ್ಲ ಅಗ್ಗದ ಬಾವುಟವೂ ಕೆಟ್ಟದ್ದು ಅಂತ ನಾನು ಹೇಳುವುದಿಲ್ಲ. ಲೈಬೀರಿಯಾ, ಮಾರ್ಷಲ್ ದ್ವೀಪಗಳಂಥವರು ತಕ್ಕಮಟ್ಟಿಗೆ ತಪಾಸಣೆ ಮಾಡುತ್ತಾರೆ. ತೊಂದರೆ ಇರುವುದು ಅದಕ್ಕಿಂತ ಕೆಳಗಿನ ಬಾವುಟಗಳಲ್ಲಿ. ಫೀಸು ಕಟ್ಟಿದರೆ ಸಾಕು, ಹಡಗು ತೋರಿಸಬೇಕಾಗಿಲ್ಲ.

ಬಾವುಟಕ್ಕೂ ಮಾಲೀಕನಿಗೂ ನಿಜವಾದ ಸಂಬಂಧ ಇರಬೇಕು ಅಂತ 1986ರಲ್ಲಿ ವಿಶ್ವಸಂಸ್ಥೆ ಒಂದು ಒಪ್ಪಂದ ಮಾಡಿತು. ಸಾಕಷ್ಟು ದೇಶಗಳು ಸಹಿ ಹಾಕದೆ ಅದು ಜಾರಿಗೇ ಬರಲಿಲ್ಲ.

ಇದರ ಮೇಲೆ ಕಂಪನಿಯ ಆಟ. ಒಂದು ಹಡಗಿಗೆ ಒಂದು ಕಂಪನಿ. ಆ ಕಂಪನಿಗೆ ಆ ಹಡಗು ಬಿಟ್ಟು ಬೇರೆ ಆಸ್ತಿ ಇಲ್ಲ. ಹಡಗು ಮುಳುಗಿದರೆ ಕಂಪನಿಯೂ ಮುಳುಗಿತು. ಹತ್ತು ಹಡಗು ಇರುವವನು ಹತ್ತು ಕಂಪನಿ ಮಾಡಿರುತ್ತಾನೆ, ಒಂದರ ಸಾಲ ಇನ್ನೊಂದಕ್ಕೆ ಹತ್ತದಂತೆ. ಇದು ಪೂರ್ತಿ ಕಾನೂನುಬದ್ಧ. ದೊಡ್ಡ ದೊಡ್ಡ ಮರ್ಯಾದಸ್ಥರೂ ಮಾಡುವುದು ಇದನ್ನೇ.

ಈಗ ಆ 8630344. ಅದು ರೋಸಸ್. 1986ರಲ್ಲಿ ಜಪಾನಿನಲ್ಲಿ ಕಟ್ಟಿದ ಸಣ್ಣ ಹಡಗು, ಉದ್ದ ಸುಮಾರು 86 ಮೀಟರ್. 2013ರಲ್ಲಿ ಅದರ ಬಾವುಟ ಮೊಲ್ಡೋವಾದ್ದು. ಆ ದೇಶಕ್ಕೂ ಕಡಲಿಲ್ಲ, ಡ್ಯಾನ್ಯೂಬ್ ನದಿಯ ಒಂದು ಚೂರು ದಂಡೆ ಮಾತ್ರ ಇದೆ. ಆ ವರ್ಷ ಜುಲೈಯಲ್ಲಿ ಸ್ಪೇನಿನ ಸೆವಿಲ್ ಬಂದರಿನಲ್ಲಿ ತಪಾಸಣೆ ಮಾಡಿದವರು 14 ದೋಷ ಪಟ್ಟಿ ಮಾಡಿ ಹಡಗನ್ನು ತಡೆದಿಟ್ಟಿದ್ದರು. ಬಿಡಿಸಿಕೊಂಡು ಹೊರಟಿತು. ಸೆಪ್ಟೆಂಬರ್‌ನಲ್ಲಿ ಜಾರ್ಜಿಯಾದ ಬಟುಮಿಯಲ್ಲಿ 2,750 ಟನ್ ಅಮೋನಿಯಂ ನೈಟ್ರೇಟ್ ತುಂಬಿಸಿಕೊಂಡಿತು. ಮೊಜಾಂಬಿಕ್‌ನ ಬೈರಾ ಬಂದರಿಗೆ, ಅಲ್ಲಿನ ಒಂದು ಸ್ಫೋಟಕ ಕಾರ್ಖಾನೆಗೆ.

ದಾರಿಯಲ್ಲಿ ಸುಯೆಜ್ ಕಾಲುವೆ ದಾಟಬೇಕು. ಅದಕ್ಕೆ ಶುಲ್ಕ ಕಟ್ಟಬೇಕು. ನಡೆಸುವವನ ಕೈಯಲ್ಲಿ ದುಡ್ಡಿಲ್ಲ. ಬೈರೂತ್‌ಗೆ ಹೋಗಿ ಇನ್ನಷ್ಟು ಸರಕು ಹತ್ತಿಸಿಕೊಳ್ಳಿ, ಆ ಬಾಡಿಗೆಯಲ್ಲಿ ಕಾಲುವೆಯ ಶುಲ್ಕ ಕಟ್ಟಿ ಅಂತ ಕ್ಯಾಪ್ಟನ್‌ಗೆ ಆದೇಶ ಬಂತು. ಬೈರೂತ್‌ನಲ್ಲಿ ಸಿಕ್ಕಿದ್ದು ಭಾರೀ ಯಂತ್ರಗಳು. ಹೋಲ್ಡ್, ಅಂದರೆ ಹಡಗಿನ ಹೊಟ್ಟೆಯೊಳಗೆ ನೈಟ್ರೇಟ್ ಇರುವುದರಿಂದ ಯಂತ್ರವನ್ನು ಮುಚ್ಚಳದ ಮೇಲೆ ಇಡಬೇಕು. ಹ್ಯಾಚ್ ಕವರ್ ಅನ್ನುತ್ತೇವಲ್ಲ, ಅದು. ಇಡಲು ಹೋದರೆ ಸವೆದ ಮುಚ್ಚಳ ಬಾಗಲು ಶುರುವಾಯಿತು. ಕ್ಯಾಪ್ಟನ್ ಆಗುವುದಿಲ್ಲ ಅಂದ. ಬಾಡಿಗೆ ತಪ್ಪಿತು. ಬಂದರಿನ ಬಾಕಿ ಬೆಳೆಯಿತು. ತಪಾಸಣೆಯವರು ಹೊರಡಬೇಡಿ ಅಂದರು. ಬಾಕಿ ಬರಬೇಕಾದವರು ಕೋರ್ಟಿಗೆ ಹೋದರು. ನಡೆಸುವವನು ಕೈಬಿಟ್ಟ.

ಕ್ಯಾಪ್ಟನ್ ಮತ್ತು ಇನ್ನೂ ಮೂವರನ್ನು ಹಡಗಿನಿಂದ ಇಳಿಯಲು ಬಿಡಲಿಲ್ಲ. ಅವರು ಇಳಿದರೆ ಹಡಗು ನೋಡಿಕೊಳ್ಳುವವರು ಯಾರು? ತಿಂಗಳುಗಟ್ಟಲೆ, ಸಂಬಳವಿಲ್ಲದೆ, ಆ ನೈಟ್ರೇಟಿನ ಮೇಲೆಯೇ ಅವರ ವಾಸ. ಕೊನೆಗೆ ಹಡಗಿನ ಇಂಧನ ಮಾರಿ ವಕೀಲರನ್ನು ಹಿಡಿದರು. ವಕೀಲರು ಕೋರ್ಟಿನ ಮುಂದೆ ಇಟ್ಟ ವಾದ ಏನು ಗೊತ್ತಾ? ಈ ಸರಕು ಅಪಾಯಕಾರಿ, ಇದರ ಮೇಲೆ ಜನ ಇರುವುದು ಸರಿಯಲ್ಲ ಅಂತ. ನ್ಯಾಯಾಧೀಶರು ಒಪ್ಪಿದರು. 2014ರಲ್ಲಿ ನಾಲ್ವರೂ ಮನೆಗೆ ಹೋದರು. ಸರಕನ್ನು ಇಳಿಸಿ ಬಂದರಿನ 12ನೇ ಗೋದಾಮಿನಲ್ಲಿ ಇಟ್ಟರು. ನಾಲ್ಕು ಜನರ ಪಕ್ಕ ಇರಬಾರದ ಸರಕು ಒಂದು ಇಡೀ ನಗರದ ಪಕ್ಕ ಕೂತಿತು. 2018ರಲ್ಲಿ ಹಡಗು ಅಲ್ಲೇ ಬಂದರಿನೊಳಗೆ ಮುಳುಗಿತು. 2020ರ ಆಗಸ್ಟ್ 4ರಂದು ಗೋದಾಮು ಸ್ಫೋಟಿಸಿತು. 200ಕ್ಕೂ ಹೆಚ್ಚು ಜನ ಸತ್ತರು. ಆ ವಿಡಿಯೋ ನೋಡದವರು ಇಲ್ಲಿ ಯಾರೂ ಇರಲಾರರು.

ಆಮೇಲೆ ಹಡಗು ಯಾರದ್ದು ಅಂತ ಪತ್ರಕರ್ತರು ಹುಡುಕಲು ಹೊರಟರು. ನಡೆಸುತ್ತಿದ್ದವನು ಸೈಪ್ರಸ್‌ನಲ್ಲಿದ್ದ ರಷ್ಯಾದವನು, ಅವನ ಕಂಪನಿ ಮಾರ್ಷಲ್ ದ್ವೀಪಗಳದ್ದು. ಅವನು ಹಡಗನ್ನು ಪಡೆದದ್ದು ಗುತ್ತಿಗೆಗೆ, ಪನಾಮಾದ ಇನ್ನೊಂದು ಕಂಪನಿಯಿಂದ. ಆ ಕಂಪನಿಯ ಹಿಂದೆ ಸೈಪ್ರಸ್‌ನ ಇನ್ನೊಬ್ಬ. ಅವನು ನಾನು ಅದನ್ನು ಮಾರಿದ್ದೆ ಅಂದ. ಸರಕಿನ ಒಡೆಯ ಯಾರು ಅಂತ ಹೋದರೆ ಲಂಡನ್ನಿನಲ್ಲಿ ನೋಂದಾಯಿಸಿದ ಒಂದು ಕಾಗದದ ಕಂಪನಿ. ಬೈರೂತ್ ವಕೀಲರ ಸಂಘ ಅಲ್ಲಿಗೂ ಹೋಗಿ 2023ರಲ್ಲಿ ಕೇಸು ಗೆದ್ದಿತು. ಗೆದ್ದದ್ದು ಯಾರ ಮೇಲೆ? ಹೆಸರು ಮತ್ತು ವಿಳಾಸ ಮಾತ್ರ ಇದ್ದ ಕಂಪನಿಯ ಮೇಲೆ. ಗೋದಾಮಿನಲ್ಲಿ ಆರು ವರ್ಷ ಅದನ್ನು ಹಾಗೇ ಬಿಟ್ಟ ಲೆಬನಾನ್ ಅಧಿಕಾರಿಗಳ ತಪ್ಪು ದೊಡ್ಡದು, ಅದನ್ನು ಮುಚ್ಚಲು ನಾನು ಇದನ್ನೆಲ್ಲ ಹೇಳುತ್ತಿಲ್ಲ. ಆದರೆ ಸರಕು ಅಲ್ಲಿಗೆ ಬಂದದ್ದು ಯಾರೂ ಹೊರದ ಒಂದು ಕಾಲುವೆ ಶುಲ್ಕದಿಂದ.

ನಮ್ಮ ಪಾಲೂ ಇದರಲ್ಲಿ ಇದೆ. ಬಳ್ಳಾರಿಯ ಅದಿರು ಚೀನಾಕ್ಕೆ ಹರಿದ ಕಾಲ ನೆನಪಿದೆಯಲ್ಲ? ಬೇಲೆಕೇರಿ, ಕಾರವಾರ, ನಮ್ಮ ಪಣಂಬೂರು. ಲಾರಿ ಸಾಲು ಸಾಲಾಗಿ ಬಂದು ಅದಿರಿನ ಪುಡಿ ಸುರಿದು ಹೋಗುತ್ತಿದ್ದವು. ಬಯಲಲ್ಲಿ ರಾಶಿ, ಮೇಲೆ ಜೂನ್ ತಿಂಗಳ ಮಳೆ. ಈ ಒದ್ದೆ ಪುಡಿಯನ್ನು ಹಡಗಿಗೆ ತುಂಬಿದರೆ ಏನಾಗುತ್ತದೆ? ನೋಡಲು ಗಟ್ಟಿ ಮಣ್ಣಿನ ಹಾಗೇ ಇರುತ್ತದೆ. ಕಡಲಿನಲ್ಲಿ ಹಡಗು ನಡುಗುತ್ತಾ ಹೋದ ಹಾಗೆ ಒಳಗಿನ ನೀರು ಮೇಲೆ ಬಂದು ರಾಶಿ ಕೆಸರಾಗುತ್ತದೆ. ಹಡಗು ಒಂದು ಬದಿಗೆ ವಾಲಿದಾಗ ಕೆಸರು ಆ ಕಡೆ ಹರಿಯುತ್ತದೆ, ವಾಪಸ್ ಬರುವುದಿಲ್ಲ. ಮತ್ತೆ ಹೆಚ್ಚು ಹೊತ್ತು ಇಲ್ಲ. 2009ರ ಜುಲೈಯಲ್ಲಿ ಏಷಿಯನ್ ಫಾರೆಸ್ಟ್ ಇದೇ ಮಂಗಳೂರಿನ ಆಚೆ ಅದಿರು ಹೊತ್ತು ಮುಳುಗಿತು. ಚೀನಾದ 18 ಜನರನ್ನು ಕೋಸ್ಟ್ ಗಾರ್ಡ್ ಉಳಿಸಿತು. ಸೆಪ್ಟೆಂಬರ್‌ನಲ್ಲಿ ಒಡಿಶಾದ ಪಾರಾದೀಪ್‌ನಲ್ಲಿ ಬ್ಲ್ಯಾಕ್ ರೋಸ್. ಅದರದ್ದು ಮಂಗೋಲಿಯಾದ ಬಾವುಟ. ಆಮೇಲೆ ಅದರ ವಿಮೆಯ ಕಾಗದಗಳ ಬಗ್ಗೆಯೇ ದೊಡ್ಡ ತಕರಾರು ಎದ್ದಿತು.

ಅದಿರು ಹೀಗೆ ಕೆಸರಾಗುತ್ತದಾ ಅಂತ ಪರೀಕ್ಷಿಸುವ ಒಂದು ಸುಲಭದ ದಾರಿ ಅಂತಾರಾಷ್ಟ್ರೀಯ ನಿಯಮದಲ್ಲೇ ಇದೆ. ಒಂದು ಡಬ್ಬಿ ತೆಗೆದುಕೊಳ್ಳಿ, ಅರ್ಧ ಅಥವಾ ಒಂದು ಲೀಟರಿನದ್ದು. ಅರ್ಧದಷ್ಟು ಅದಿರು ತುಂಬಿ. ಒಂದು ಗೇಣು ಎತ್ತರದಿಂದ ಗಟ್ಟಿ ನೆಲಕ್ಕೆ 25 ಸಲ ಕುಟ್ಟಿ. ಮೇಲೆ ನೀರು ಜಿನುಗಿದರೆ, ಅದಿರು ಮಿರಮಿರ ಮಿಂಚಿದರೆ ಹಡಗಿಗೆ ಹಾಕುವ ಮೊದಲು ಲ್ಯಾಬಿಗೆ ಕಳಿಸಿ. ಇಷ್ಟೇ. ಡಬ್ಬಿಗೆ ದುಡ್ಡಿಲ್ಲ. ಆದರೆ ಕ್ಯಾಪ್ಟನ್ ಬೇಡ ಅಂದರೆ ಲೋಡಿಂಗ್ ನಿಲ್ಲುತ್ತದೆ, ಹಡಗು ಕಾದ ದಿನಕ್ಕೆ ಡೆಮರೇಜ್ ಅನ್ನುವ ದಂಡ ಏರುತ್ತದೆ, ನಾಲ್ಕು ಕಡೆಯಿಂದ ಫೋನ್ ಬರುತ್ತದೆ. ಲ್ಯಾಬ್ ಸರ್ಟಿಫಿಕೇಟ್ ಇದೆಯಲ್ಲ, ಮತ್ತೇನು ನಿಮ್ಮದು ಅಂತ. ಹೀಗೆ ಮುಳುಗುವುದಕ್ಕೆ ಹಡಗು ಹಳೆಯದೇ ಆಗಬೇಕಾಗಿಲ್ಲ. 2015ರ ಜನವರಿಯಲ್ಲಿ ವಿಯೆಟ್ನಾಂ ಆಚೆ ಬಾಕ್ಸೈಟ್ ಹೊತ್ತು ಮುಳುಗಿದ ಬಲ್ಕ್ ಜುಪಿಟರ್ 2006ರಲ್ಲಿ ಕಟ್ಟಿದ್ದು. 19 ಜನರಲ್ಲಿ ಉಳಿದವನು ಒಬ್ಬ.

ನಿಮ್ಮಲ್ಲಿ ಮರ್ಚೆಂಟ್ ನೇವಿಗೆ ಹೋಗಬೇಕು ಅಂತ ಇರುವ ಹುಡುಗರು ಇದ್ದಾರೆ, ಮುಂದಿನ ಸಾಲಿನಲ್ಲೇ ಕಾಣುತ್ತಿದ್ದಾರೆ. ಅವರಿಗಾಗಿ ಈ ಭಾಗ ಸ್ವಲ್ಪ ನಿಧಾನವಾಗಿ ಹೇಳುತ್ತೇನೆ.

ಈಜಿಪ್ಟಿನ ಸುಯೆಜ್ ಹತ್ತಿರ ಅಮಾನ್ ಅಂತ ಒಂದು ಹಡಗು. 2017ರಲ್ಲಿ ಸುರಕ್ಷತಾ ಸರ್ಟಿಫಿಕೇಟ್ ಅವಧಿ ಮುಗಿದಿದೆ ಅಂತ ತಡೆದರು. ಮಾಲೀಕ ದುಡ್ಡು ಕೊಡಲಿಲ್ಲ. ಕ್ಯಾಪ್ಟನ್ ಅವತ್ತು ಹಡಗಿನಲ್ಲಿ ಇರಲಿಲ್ಲ. ಕೋರ್ಟಿನವರು ಚೀಫ್ ಆಫೀಸರ್ ಕೈಯಲ್ಲಿ ಒಂದು ಕಾಗದಕ್ಕೆ ಸಹಿ ಹಾಕಿಸಿಕೊಂಡರು. ಸಿರಿಯಾದ ಯುವಕ. ಆ ಕಾಗದ ಅವನನ್ನು ಹಡಗಿನ ಕಾನೂನು ಪಾಲಕನನ್ನಾಗಿ ಮಾಡಿತ್ತು. ಹಡಗು ಮಾರಾಟವಾಗುವ ತನಕ ಅಥವಾ ಬದಲಿ ಜನ ಸಿಗುವ ತನಕ ಅವನು ಇಳಿಯುವ ಹಾಗಿಲ್ಲ. ಅದು ಅವನಿಗೆ ತಿಳಿದದ್ದು ತಿಂಗಳುಗಳ ನಂತರ. ಉಳಿದವರು ಒಬ್ಬೊಬ್ಬರಾಗಿ ಹೋದರು. 2019ರಿಂದ ಅವನೊಬ್ಬನೇ. ವಿದ್ಯುತ್ ಇಲ್ಲ. ನಡುವೆ ಊರಲ್ಲಿ ತಾಯಿ ತೀರಿಕೊಂಡರು. 2020ರ ಗಾಳಿಮಳೆಗೆ ಹಡಗು ಲಂಗರು ಕಿತ್ತುಕೊಂಡು ದಡದ ಹತ್ತಿರ ಬಂದು ಕೂತಿತು. ಅದು ಅವನಿಗೆ ಒಳ್ಳೆಯದೇ ಆಯಿತು. ಅಲ್ಲಿಂದ ಈಜಿ ದಡಕ್ಕೆ ಬಂದು ಊಟ ತರುವುದು, ಫೋನ್ ಚಾರ್ಜ್ ಮಾಡುವುದು ಸಾಧ್ಯವಾಯಿತು. ಬಿಡುಗಡೆ 2021ರ ಏಪ್ರಿಲ್‌ನಲ್ಲಿ. ಹತ್ತಿರ ಹತ್ತಿರ ನಾಲ್ಕು ವರ್ಷ.

ಇದು ಅಪರೂಪದ್ದು ಅಂದುಕೊಳ್ಳಬೇಡಿ. ಸಾರಿಗೆ ಕಾರ್ಮಿಕರ ಅಂತಾರಾಷ್ಟ್ರೀಯ ಒಕ್ಕೂಟ ಐಟಿಎಫ್ ಲೆಕ್ಕದಲ್ಲಿ 2024ರಲ್ಲಿ 312 ಹಡಗುಗಳಲ್ಲಿ 3,133 ಜನರನ್ನು ಮಾಲೀಕರು ಹೀಗೆ ಕೈಬಿಟ್ಟಿದ್ದರು. ದೇಶವಾರು ನೋಡಿದರೆ ಮೊದಲ ಸ್ಥಾನ ನಮ್ಮದು, 899 ಭಾರತೀಯರು.

ಇಳಿದು ಬಂದುಬಿಡಬಾರದಾ ಅಂತ ನೀವು ಕೇಳಬಹುದು. ಬಾಕಿ ಸಂಬಳಕ್ಕೆ ಹಡಗಿನ ಮೇಲೆ ಹಕ್ಕು ಇರುತ್ತದೆ. ಕೋರ್ಟು ಹಡಗನ್ನು ಹರಾಜು ಹಾಕಿದರೆ ಆ ದುಡ್ಡಿನಲ್ಲಿ ನಾವಿಕನಿಗೆ ಪಾಲು ಸಿಗಬೇಕು. ಇಳಿದ ಮೇಲೆ ಆ ದುಡ್ಡು ಕೈಗೆ ಬರುತ್ತದೆ ಅನ್ನುವ ಧೈರ್ಯ ಯಾರಿಗೂ ಇಲ್ಲ. ಅದಕ್ಕೇ ಕೂರುತ್ತಾರೆ. ಮನೆಯಲ್ಲಿ ಏಜೆಂಟನಿಗೆ ಕೊಡಲು ಮಾಡಿದ ಸಾಲ ಬೇರೆ ಇರುತ್ತದೆ. 2017ರಿಂದ ಒಂದು ನಿಯಮ ಬಂದಿದೆ: ಮಾಲೀಕ ಕೈಬಿಟ್ಟರೆ ವಿಮೆಯವರು ನಾಲ್ಕು ತಿಂಗಳ ಸಂಬಳ, ಊಟ, ನೀರು, ಊರಿಗೆ ಟಿಕೆಟ್ ಕೊಡಬೇಕು. ಒಳ್ಳೆಯ ನಿಯಮ. ವಿಮೆ ನಿಜವಾದದ್ದಾಗಿದ್ದರೆ.

ಇಂಥ ಹಡಗಿನ ಕೊನೆ ಗುಜರಾತಿನ ಅಲಂಗ್. 1983ರಿಂದ ಅಲ್ಲಿ ಹಡಗು ಒಡೆಯುತ್ತಾರೆ. ಭರತದ ನೀರು ತುಂಬಾ ಎತ್ತರ ಬರುವ ಕಡೆ ಅದು, ಹಡಗನ್ನು ಹಾಗೇ ದಡಕ್ಕೆ ಓಡಿಸಿಬಿಡಬಹುದು. ಕೊನೆಯ ಪಯಣಕ್ಕೂ ಒಂದು ಬಾವುಟ ಬೇಕಲ್ಲ, ಕೊಮೊರೊಸ್, ಪಲಾವ್ ಅಂತ ಕೆಲವು ವಾರದ ಮಟ್ಟಿಗೆ ತೆಗೆದುಕೊಳ್ಳುತ್ತಾರೆ. 1989ರಲ್ಲಿ ಅಲಾಸ್ಕಾದಲ್ಲಿ ಎಣ್ಣೆ ಚೆಲ್ಲಿ ಕುಖ್ಯಾತವಾದ ಎಕ್ಸಾನ್ ವಾಲ್ಡೀಜ್ 2012ರಲ್ಲಿ ಅಲಂಗ್‌ಗೆ ಬಂದಾಗ ಅದರ ಹೆಸರು ಓರಿಯೆಂಟಲ್ ನೈಸಿಟಿ. ಆ ಹೆಸರು ಇಟ್ಟವನಿಗೆ ಹಾಸ್ಯಪ್ರಜ್ಞೆ ಇದ್ದಿರಬೇಕು.

ಮಾತು ಮುಗಿದ ಮೇಲೆ ಒಬ್ಬರು ಕೇಳಿದರು, 25 ವರ್ಷ ದಾಟಿದ ಹಡಗನ್ನೆಲ್ಲ ನಿಷೇಧಿಸಿದರೆ ಆಗುವುದಿಲ್ಲವಾ ಅಂತ. ನನಗೆ ಅದು ಸರಿ ಅನಿಸುವುದಿಲ್ಲ. ಚೆನ್ನಾಗಿ ನೋಡಿಕೊಂಡ 30 ವರ್ಷದ ಹಡಗು ನಾನು ಕಂಡಿದ್ದೇನೆ, ಹಾಳುಗೆಡವಿದ 12 ವರ್ಷದ್ದೂ ಕಂಡಿದ್ದೇನೆ. ಆಫ್ರಿಕಾದ, ಕೆಂಪು ಸಮುದ್ರದ ಎಷ್ಟೋ ಬಂದರುಗಳಲ್ಲಿ ಆಳ ಕಡಿಮೆ, ದಡದಲ್ಲಿ ಕ್ರೇನ್ ಇಲ್ಲ. ಅಲ್ಲಿಗೆ ಗೋಧಿ ಒಯ್ಯುವುದು ಸ್ವಂತ ಕ್ರೇನ್ ಇರುವ ಇಂಥ ಹಳೆ ಸಣ್ಣ ಹಡಗುಗಳೇ. ಹೊಸ ಹಡಗು ಕಟ್ಟಿ ಆ ರೂಟಿಗೆ ಬಿಡುವವರು ಯಾರೂ ಇಲ್ಲ. ವಯಸ್ಸು ಕೇಳುವುದಕ್ಕಿಂತ ವಿಮೆ ಕೊಟ್ಟವರು ಯಾರು, ನಿಜವಾದ ಮಾಲೀಕ ಯಾರು ಅಂತ ಬಂದರಿಗೆ ಬಿಡುವ ಮೊದಲೇ ಕೇಳಿದರೆ ಜಾಸ್ತಿ ಕೆಲಸವಾಗುತ್ತದೆ.

ಇನ್ನೊಬ್ಬ ಹುಡುಗ ಕೇಳಿದ, ಏಜೆಂಟ್ ದುಬೈಯಲ್ಲಿ ಜಾಯಿನಿಂಗ್ ಅಂತಿದ್ದಾನೆ, ಏನು ನೋಡಬೇಕು ಸರ್ ಅಂತ. ಮೊದಲು ಏಜೆಂಟನಿಗೆ ಡಿಜಿ ಶಿಪ್ಪಿಂಗ್, ಅಂದರೆ ಕೇಂದ್ರ ಸರ್ಕಾರದ ಹಡಗು ಇಲಾಖೆ ಕೊಟ್ಟ ಆರ್‌ಪಿಎಸ್‌ಎಲ್ ಲೈಸೆನ್ಸ್ ಇದೆಯಾ ನೋಡಪ್ಪ, ನಾವಿಕರನ್ನು ಕೆಲಸಕ್ಕೆ ಸೇರಿಸಲು ಬೇಕಾದ ಲೈಸೆನ್ಸ್ ಅದು. ಕೆಲಸ ಕೊಡಿಸಲು ದುಡ್ಡು ಕೇಳಿದನೋ, ಅದು ಕಾನೂನಿಗೆ ವಿರುದ್ಧ, ಅಲ್ಲಿಗೇ ಬಿಡು. ಆಮೇಲೆ ಹಡಗಿನ ಐಎಂಒ ನಂಬರ್ ಕೇಳು. ಈಕ್ವಾಸಿಸ್ ಅಂತ ಒಂದು ವೆಬ್‌ಸೈಟ್ ಇದೆ, ಪುಕ್ಕಟೆ. ನಂಬರ್ ಹಾಕಿದರೆ ಹಳೆ ಹೆಸರುಗಳು, ಬಾವುಟಗಳು, ಯಾವ ಬಂದರಿನಲ್ಲಿ ಯಾಕೆ ತಡೆದರು ಎಲ್ಲ ಬರುತ್ತದೆ. ಹಡಗು ಇನ್ನೂ ಗೊತ್ತಾಗಿಲ್ಲ, ಅಲ್ಲಿ ಹೋದ ಮೇಲೆ ಹೇಳುತ್ತಾರೆ ಅಂತ ಅವನು ಹೇಳಿದರೆ ಪಾಸ್‌ಪೋರ್ಟೂ ಸಿಡಿಸಿ ಅನ್ನುವ ನಾವಿಕರ ದಾಖಲೆ ಪುಸ್ತಕವೂ ಅವನ ಕೈಗೆ ಕೊಡಬೇಡ.